ಹುಣಸೆಹಣ್ಣಿನಲ್ಲಿ ತೊಳೆದುಹೋದ ನಲವತ್ತೊಂದು ಹೆಸರು

ನಮ್ಮತ್ತೆ ಒಂದೇ ಬೆಳಿಗ್ಗೆ ನಲವತ್ತೊಂದು ಹೆಸರುಗಳನ್ನು ಹುಣಸೆಹಣ್ಣು ಹಾಕಿ ಉಜ್ಜಿ ತೊಳೆದುಬಿಟ್ಟರು. ಹೀಗೆಂದರೆ ಯಾರೂ ನಂಬುವುದಿಲ್ಲ. ಆದ್ದರಿಂದ ಮೊದಲಿನಿಂದಲೇ ಹೇಳುತ್ತೇನೆ.

ಎರಡು ಸಾವಿರದ ಇಸವಿ ಹುಟ್ಟಿದ ಕೂಡಲೇ ಪ್ರಪಂಚದ ಕಂಪ್ಯೂಟರುಗಳೆಲ್ಲ ಬುದ್ಧಿ ಕಳೆದುಕೊಳ್ಳುತ್ತವೆ ಎಂದು ದೊಡ್ಡ ದೊಡ್ಡವರೇ ಹೆದರಿ ಕೂತಿದ್ದ ಕಾಲ ಅದು. ಅವರ ಹೆದರಿಕೆಯ ಪುಣ್ಯದಿಂದ ನಮ್ಮಂಥವರ ಮನೆಯ ಒಲೆ ಉರಿಯುತ್ತಿತ್ತು. ನನ್ನ ಗಂಡ ದಿನವೂ ರೈಲಿನಲ್ಲಿ ನ್ಯೂಯಾರ್ಕಿಗೆ ಕಮ್ಯೂಟ್ ಮಾಡುತ್ತಿದ್ದರು. ನಾನು ಮಾತ್ರ ಆ ಬೇಸಿಗೆಯಲ್ಲಿ ಬೆಂಚಿನ ಮೇಲಿದ್ದೆ. ಬೆಂಚು ಅಂದರೆ ಒಂದು ಪ್ರಾಜೆಕ್ಟ್ ಮುಗಿದು ಇನ್ನೊಂದು ಸಿಗದೆ ಪ್ಲೇನ್ಸ್‌ಬರೋದ ಅಪಾರ್ಟ್‌ಮೆಂಟಿನಲ್ಲಿ ಫೋನಿನ ಪಕ್ಕ ಕೂತು ಉಗುರು ಕಚ್ಚುವುದು. ಕೊನೆಗೊಂದು ದಿನ ನಮ್ಮ ಕನ್ಸಲ್ಟಿಂಗ್ ಕಂಪನಿಯ ಮ್ಯಾನೇಜರ್ ಫೋನ್ ಮಾಡಿದರು. ಅವರು ಬೆಂಗಳೂರಿನವರು, ವುಡ್‌ಬ್ರಿಡ್ಜಿನಲ್ಲಿ ಒಂದು ದೋಸೆ ಹೋಟೆಲಿನ ಮೇಲೆ ಅವರ ಆಫೀಸು.

"ಪ್ರಿನ್ಸ್‌ಟನ್ ಹತ್ರ ಒಂದು ನರ್ಸರಿ ಇದೆಯಮ್ಮ. ಗಿಡಗಳ ರೆಕಾರ್ಡ್ ಎಲ್ಲ ಕಂಪ್ಯೂಟರಿಗೆ ಹಾಕ್ಬೇಕಂತೆ. ನಿಮಗೆ ಗಿಡದ ಬಗ್ಗೆ ಏನಾದ್ರೂ ಗೊತ್ತಾ?"

"ಕಿಟಕಿ ಹತ್ರ ಒಂದು ಕರಿಬೇವಿದೆ ಸರ್. ಅದೂ ಒಣಗ್ತಾ ಇದೆ."

"ಸಾಕು ಬಿಡಿ, ಹಾರ್ಟಿಕಲ್ಚರ್ ಡೊಮೇನ್ ಎಕ್ಸ್‌ಪೀರಿಯನ್ಸ್ ಅಂತ ರೆಸ್ಯೂಮೆಯಲ್ಲಿ ಸೇರಿಸ್ತೀನಿ," ಎಂದರು.

ನರ್ಸರಿಯ ಯಜಮಾನರು ಎಪ್ಪತ್ತು ದಾಟಿದ ಅಮೆರಿಕನ್. ಎತ್ತರದ ಆಳು, ಮಂಡಿ ಮಡಚಿದರೆ ಹಳೇ ಬಾಗಿಲಿನ ಸದ್ದು ಬರುತ್ತಿತ್ತು. ಜಾಗವನ್ನು ಬಿಲ್ಡರಿಗೆ ಮಾರಿಯಾಗಿತ್ತು. ಅಲ್ಲಿ ನಮ್ಮಂಥ ಐಟಿ ಸಂಸಾರಗಳಿಗೆಂದೇ ಅಪಾರ್ಟ್‌ಮೆಂಟುಗಳು ಏಳಲಿದ್ದವು. ಉಳಿದಿದ್ದು ಅವರ ತೀರಿಹೋದ ಹೆಂಡತಿ ಜೀವಮಾನವಿಡೀ ಕೂಡಿಹಾಕಿದ ಜಪಾನಿ ಹೈಬ್ರಿಡ್ ಅಜೇಲಿಯಾಗಳು, ನೂರಿಪ್ಪತ್ತು ಹೂಗಿಡ. ಊರಾಚೆಯ ಒಂದು ಸಾರ್ವಜನಿಕ ಉದ್ಯಾನದವರು ಅವನ್ನು ತೆಗೆದುಕೊಳ್ಳಲು ಒಪ್ಪಿದ್ದರು. ಆದರೆ ಒಂದು ಷರತ್ತು. ಪ್ರತಿ ಗಿಡದ ಹೆಸರು, ಮೂಲ, ವಂಶ ಎಲ್ಲವೂ ದಾಖಲೆಯಲ್ಲಿರಬೇಕು. ಊರು ಪೇರು ಇಲ್ಲದ ಗಿಡ ಅವರಿಗೆ ಬೇಡ. ಮುಂದಿನ ಜೂನ್ ಕೊನೆಗೆ ಲಾರಿ ಬರುತ್ತದೆ, ಅದರ ಹಿಂದೆಯೇ ಬುಲ್‌ಡೋಜರ್ ಬರುತ್ತದೆ. ಲಾರಿ ಹತ್ತದ ಗಿಡ ಅದರ ಪಾಲು.

ಮೊದಲ ವಾರ ನಾನು ಕಟ್ಟಿದ ಡೇಟಾಬೇಸು ಮುಂದೆ ಒಂದೊಂದಾಗಿ ಮೂರು ಕಡೆ ಮುಗ್ಗರಿಸಿತು. ಹೆಸರು ಕಡ್ಡಾಯ, ಹೂವಿನ ಬಣ್ಣ ಒಂದು, ಎಲೆ ಉದುರುತ್ತದೋ ಇಲ್ಲವೋ ಎಂಬುದಕ್ಕೆ ಹೌದು ಅಥವಾ ಅಲ್ಲ. ಇಷ್ಟು ಅಚ್ಚುಕಟ್ಟಾಗಿ ನಾನು ಮಾಹಿತಿ ತುಂಬುವ ಮನೆಗಳನ್ನು ಕಟ್ಟಿದ್ದೆ. ಯಜಮಾನರು ಅದನ್ನು ನೋಡಿ, ಪಾಪ ಎನ್ನುವ ಹಾಗೆ ನಕ್ಕು, ಪಾಠ ಶುರು ಮಾಡಿದರು.

ಅವರ ತೋಟದಲ್ಲಿ ಎರಡು ಮನೆತನಗಳಿದ್ದವು. ಒಂದು ಕುರುಮೆ. ಜಪಾನಿನ ದಕ್ಷಿಣದ ಕ್ಯುಶು ದ್ವೀಪದಲ್ಲಿ ಆ ಹೆಸರಿನ ಊರಿದೆ. ಅಲ್ಲಿಯ ಬೆಟ್ಟದ ಕಾಡು ಅಜೇಲಿಯಾಗಳನ್ನು ಒಂದಕ್ಕೊಂದು ಕೂಡಿಸಿ, ಆರಿಸಿ, ಮತ್ತೆ ಕೂಡಿಸಿ ತೆಗೆದ ತಳಿಗಳಿವು. ಸಣ್ಣ ಎಲೆ, ಸಣ್ಣ ಹೂವು, ಆದರೆ ಮೇ ತಿಂಗಳಲ್ಲಿ ಎಲೆಯೇ ಕಾಣದ ಹಾಗೆ ಮೈತುಂಬ ಅರಳುತ್ತವೆ. ಇನ್ನೊಂದು ಸಾತ್ಸುಕಿ. ಹಾಗಂದರೆ ಜಪಾನಿನ ಹಳೇ ಪಂಚಾಂಗದ ಐದನೇ ತಿಂಗಳು. ಉಳಿದವರದೆಲ್ಲ ಮುಗಿದ ಮೇಲೆ, ಜೂನ್ ಹೊತ್ತಿಗೆ ಸಾವಕಾಶವಾಗಿ ಅರಳುತ್ತದೆ. ಗಿಡ ಕುಳ್ಳು, ಹೂವು ದೊಡ್ಡದು, ಬುದ್ಧಿ ಚಂಚಲ. ಒಂದೇ ಗಿಡದಲ್ಲಿ ಬಿಳಿ ಹೂವು, ಗೆರೆಯಿರುವ ಹೂವು, ಪೂರ್ತಿ ಗುಲಾಬಿ ಹೂವು ಮೂರೂ ಬಿಡುತ್ತವೆ. ನನ್ನ 'ಬಣ್ಣ ಒಂದು' ಅಲ್ಲಿಗೆ ಮುಗಿಯಿತು.

ಸಾತ್ಸುಕಿಯ ಹಿರಿಯರಲ್ಲಿ ಒಂದಕ್ಕೆ ಶಾಸ್ತ್ರದ ಪುಸ್ತಕದಲ್ಲಿ 'ಇಂಡಿಕಮ್' ಎಂದು ಹೆಸರಿದೆ. ನಮ್ಮ ಕಡೆಯದು ಎಂದು ನನ್ನ ಮುಖ ಅರಳಿತು. ಅಲ್ಲ, ಅಪ್ಪಟ ಜಪಾನಿನದೇ, ಪೂರ್ವದಿಂದ ಹಡಗಿನಲ್ಲಿ ಬಂದ ಸಾಮಾನಿಗೆಲ್ಲ ಆಗಿನ ಯೂರೋಪಿನವರು ಇಂಡಿಯಾದ ಚೀಟಿ ಅಂಟಿಸುತ್ತಿದ್ದರು ಎಂದರು ಯಜಮಾನರು. ನಮ್ಮ ಮ್ಯಾನೇಜರ್ ರೆಸ್ಯೂಮೆ ಬರೆಯುವ ಕ್ರಮವೂ ಅದೇ ಆದ್ದರಿಂದ ನನಗೆ ಆಶ್ಚರ್ಯವಾಗಲಿಲ್ಲ.

ಮುಖ್ಯವಾದ ಪಾಠ ಬೇರೆಯೇ ಇತ್ತು. ಈ ಹೈಬ್ರಿಡ್‌ಗಳ ಬೀಜ ಬಿತ್ತಿದರೆ ತಾಯಿಯಂಥ ಗಿಡ ಹುಟ್ಟುವುದಿಲ್ಲ. ಕಡ್ಡಿ ನೆಟ್ಟು ಬೇರು ಬರಿಸಿಯೇ ಬೆಳೆಸಬೇಕು. ಹಾಗಾಗಿ ಒಂದು ಹೆಸರೆಂದರೆ ಒಂದು ಜಾತಿಯಲ್ಲ, ಯಾವತ್ತೋ ಇದ್ದ ಒಂದೇ ಒಂದು ಗಿಡ. ಪ್ರಪಂಚದಲ್ಲಿ ಆ ಹೆಸರಿನವು ಎಷ್ಟಿದ್ದರೂ ಎಲ್ಲವೂ ಅದರ ಕೊಂಬೆಗಳೇ. ಹೆಸರು ಹೋದರೆ ಗಿಡ ಬದುಕಿದ್ದೂ ಕಾಣೆಯಾದ ಹಾಗೆ. ನಾನು ನೋಟ್ ಪುಸ್ತಕದಲ್ಲಿ ಇದನ್ನು ಬರೆದುಕೊಂಡು ಅಡಿಗೆರೆ ಎಳೆದೆ. 

ಹೆಸರುಗಳಿದ್ದದ್ದು ಸತುವಿನ ತಗಡುಗಳಲ್ಲಿ. ಬೆರಳಗಲದ ತಗಡಿನ ಮೇಲೆ ಅವರ ಹೆಂಡತಿ ಪೆನ್ಸಿಲಿನಲ್ಲಿ ಬರೆದು ಗಿಡಕ್ಕೆ ಕಟ್ಟಿದ್ದರು. ತಗಡು ಗಾಳಿ ಮಳೆಗೆ ಕಪ್ಪಾದಂತೆ ಪೆನ್ಸಿಲಿನ ಗೆರೆ ಅದರಲ್ಲಿ ಗಟ್ಟಿಯಾಗಿ ಕೂರುತ್ತದೆ, ಶಾಯಿಗಿಂತ ಹೆಚ್ಚು ಕಾಲ ಬಾಳುತ್ತದೆ. ಓದಬೇಕಾದರೆ ಮಾತ್ರ ಓರೆಬೆಳಕಿಗೆ ಹಿಡಿದು ಭೂತಗನ್ನಡಿಯಲ್ಲಿ ನೋಡಬೇಕು. ಎಪ್ಪತ್ತೊಂಬತ್ತು ತಗಡುಗಳನ್ನು ತೋಟದಲ್ಲೇ ಓದಿ ಟೈಪ್ ಮಾಡಿದೆ. ಅಷ್ಟರಲ್ಲಿ ಅಕ್ಟೋಬರ್ ಬಂತು, ಮಳೆ ಹಿಡಿಯಿತು. ಉಳಿದ ನಲವತ್ತೊಂದನ್ನು ಬಿಚ್ಚಿ, ತಗಡಿಗೊಂದು ನಂಬರಿನ ಚೀಟಿ, ಗಿಡಕ್ಕೆ ಅದೇ ನಂಬರಿನ ಪ್ಲಾಸ್ಟಿಕ್ ಪಟ್ಟಿ ಕಟ್ಟಿ, ತಗಡುಗಳನ್ನು ಬಿಸ್ಕತ್ತಿನ ಡಬ್ಬದಲ್ಲಿ ಹಾಕಿಕೊಂಡು ಮನೆಗೆ ತಂದೆ.

ಮನೆಯಲ್ಲಿ ಅತ್ತೆ ಇದ್ದರು. ಮೈಸೂರಿನಿಂದ ಆರು ತಿಂಗಳ ಮಟ್ಟಿಗೆ ಬಂದವರು. ಡಬ್ಬವನ್ನು ಕಂಪ್ಯೂಟರಿನ ಪಕ್ಕ ಇಟ್ಟು, "ಅತ್ತೆ, ಇದು ನನ್ನ ಕೆಲಸದ ಸಾಮಾನು. ಜೋಪಾನ," ಎಂದೆ. ಎಂಥ ಮಾತು ಆಡಿದೆನೋ. ಮರುದಿನ ಆಯುಧಪೂಜೆ.

ಬೆಳಿಗ್ಗೆ ನಾನು ಹಾಲು ತರಲು ಅಂಗಡಿಗೆ ಹೋಗಿ ಬರುವಷ್ಟರಲ್ಲಿ ದೇವರ ಮುಂದೆ ಎಲ್ಲ ಜೋಡಿಸಿ ಆಗಿತ್ತು. ಈಳಿಗೆ, ಕತ್ತರಿ, ಕಾರಿನ ಕೀಲಿ, ತಮ್ಮ ಮಗನ ಲ್ಯಾಪ್‌ಟಾಪು. ಎಲ್ಲಕ್ಕಿಂತ ಮುಂದೆ ಬೆಳ್ಳಿಯ ತಟ್ಟೆಯಲ್ಲಿ ನಲವತ್ತೊಂದು ತಗಡು, ಹೊಸ ಎಂಟಾಣೆಯ ಹಾಗೆ ಫಳಫಳ ಹೊಳೆಯುತ್ತ, ಒಂದೊಂದಕ್ಕೂ ಒಂದೊಂದು ಕುಂಕುಮದ ಬೊಟ್ಟು.

"ಎಷ್ಟು ಕಿಲುಬು ಹಿಡಿದಿತ್ತು ಕಣೇ. ಹುಣಸೆಹಣ್ಣು ಉಪ್ಪು ಹಾಕಿ ಉಜ್ಜಿದೆ. ನಿನ್ನ ಆಯುಧ ಅಲ್ವಾ, ಅದೇ ಮುಂದಿರಲಿ ಅಂತ," ಎಂದರು. ಚೀಟಿಗಳು ನೆನೆಯಬಾರದೆಂದು ಬಿಚ್ಚಿ ರಬ್ಬರ್ ಬ್ಯಾಂಡ್ ಹಾಕಿ ಎತ್ತಿಟ್ಟಿದ್ದರು. ನಾನು ಒಂದೊಂದೇ ತಗಡನ್ನು ಬೆಳಕಿಗೆ ಹಿಡಿದು ನೋಡಿದೆ. ನನ್ನ ಮುಖವೇ ಕಾಣುತ್ತಿತ್ತು.

"ಎಲ್ಲದರಲ್ಲೂ ಅದೇನೋ ಗೀಚಿತ್ತು, ಬಿಡಿಸೋಕೆ ಕೈ ನೋವು ಬಂತು. ಒಂದು ಮಾತ್ರ ಮೊದಲೇ..."

"ಅತ್ತೆ, ದಯವಿಟ್ಟು ಸುಮ್ಮನಿರಿ," ಎಂದುಬಿಟ್ಟೆ. ಹಬ್ಬದ ದಿನ, ಪೂಜೆಗೆ ಮುಂಚೆ, ಅತ್ತೆಗೆ. ಅವರು ಸುಮ್ಮನಾದರು. ಆ ಗೀಚಿದ್ದು ಏನೆಂದು ಮಗ ಬಿಡಿಸಿ ಹೇಳಿದ ಮೇಲೆ ಅಂದಿನ ಹೋಳಿಗೆಯನ್ನೂ ಮುಟ್ಟಲಿಲ್ಲ.

ನನ್ನ ಗಂಡನಿಗೆ ಪರಿಹಾರ ತಕ್ಷಣ ಹೊಳೆಯಿತು. "ಆ ಯಜಮಾನರ ಹೆಂಡತಿ ನೋಟ್‌ಬುಕ್ಕಲ್ಲಿ ಹೆಸರುಗಳಿವೆ ತಾನೆ? ಉಳಿದ ಹೆಸರು, ಉಳಿದ ಗಿಡ. ಜೋಡಿಸಿ ಹಾಕ್ಬಿಡು. ಯಾರಿಗೆ ಗೊತ್ತಾಗತ್ತೆ?"

ಕೆಲಸಕ್ಕೆಂದು ಯಜಮಾನರು ಕೊಟ್ಟಿದ್ದ ಆ ನೋಟ್‌ಬುಕ್ಕು ನನ್ನ ಬಳಿಯೇ ಇತ್ತು. ಪ್ರತಿ ಹೆಸರಿನ ಮುಂದೆ ಹೂವಿನ ವರ್ಣನೆಯಿತ್ತು, ಗಿಡ ಎಲ್ಲಿದೆ ಎಂದಿರಲಿಲ್ಲ. ನಾಚಿಕೆ ಬಿಟ್ಟು ಹೇಳುತ್ತೇನೆ, ನಾನು ಹಾಗೇ ಜೋಡಿಸಿದೆ. ನಲವತ್ತು ಹೆಸರು ಸಿಕ್ಕವು, ಒಂದು ಕಡಿಮೆ ಬಿತ್ತು. ಅದಕ್ಕೆ ನಾನೇ ಜಪಾನಿನ ಹಾಗೆ ಕೇಳಿಸುವ ಒಂದು ಹೆಸರು ಹುಟ್ಟಿಸಿದೆ. ಎಲ್ಲ ಮನೆಗಳೂ ಭರ್ತಿಯಾದವು, ರಿಪೋರ್ಟು ಮುದ್ದಾಗಿ ಪ್ರಿಂಟಾಯಿತು. ಆದರೆ ಬೆಳಿಗ್ಗೆ ಕಾರಿನ ಹತ್ತಿರ ಹೋದರೆ ಅತ್ತೆ ಸೀರೆಯ ಮೇಲೆ ಮಗನ ಜಾಕೆಟ್ ಹಾಕಿಕೊಂಡು, ತಗಡುಗಳ ಡಬ್ಬ ತೊಡೆಯ ಮೇಲಿಟ್ಟುಕೊಂಡು, ಸೀಟ್ ಬೆಲ್ಟ್ ಬಿಗಿದು ಕೂತಿದ್ದರು.

"ನಡಿ, ತೋಟದವರಿಗೆ ನಾನೇ ಹೇಳ್ತೀನಿ. ಅಳಿಸಿದ್ದು ನಾನು, ನೀನ್ಯಾಕೆ ಸುಳ್ಳು ಬರೀಬೇಕು?"

ನಾನು ರಿಪೋರ್ಟನ್ನು ಒಳಗೆ ಹೋಗಿ ಕಸದ ಬುಟ್ಟಿಗೆ ಹಾಕಿ ಬಂದೆ. ಎದೆ ಹಗುರವಾಯಿತು ಎಂದೇನೂ ಇಲ್ಲ. ಬೆಂಚು, ವೀಸಾ, ಮ್ಯಾನೇಜರ್ ಎಲ್ಲ ಕಣ್ಣ ಮುಂದೆ ಬಂದವು, ಆದರೂ ಕಾರು ಸ್ಟಾರ್ಟ್ ಮಾಡಿದೆ.

ತೋಟದಲ್ಲಿ ಅತ್ತೆ ಕನ್ನಡದಲ್ಲೇ ಎಲ್ಲ ಹೇಳಿದರು. ಹುಣಸೆಹಣ್ಣು, ಉಪ್ಪು, ಕುಂಕುಮ ಯಾವುದನ್ನೂ ಬಿಡಲಿಲ್ಲ. ನಾನು ಸ್ವಲ್ಪ ಮೆತ್ತಗೆ ಮಾಡಿ ಇಂಗ್ಲಿಷಿಗೆ ತರುತ್ತಿದ್ದೆ. ಯಜಮಾನರು ಒಂದು ತಗಡನ್ನು ಕೈಗೆ ತೆಗೆದುಕೊಂಡು ಬಹಳ ಹೊತ್ತು ತಿರುಗಿಸಿ ನೋಡಿದರು. ಇವು ನನ್ನ ಹೆಂಡತಿಯ ಅಕ್ಷರವಾಗಿದ್ದವು, ಎಂದರು. ಅದನ್ನು ನಾನು ಅತ್ತೆಗೆ ಹೇಳಬೇಕಾಗಿ ಬರಲಿಲ್ಲ. ಅವರ ಕಣ್ಣು ಆಗಲೇ ತುಂಬಿತ್ತು. ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡು, ಚೀಲದಿಂದ ಕೋಡುಬಳೆಯ ಡಬ್ಬ ತೆಗೆದು ಅವರ ಮುಂದಿಟ್ಟರು. ತಪ್ಪೊಪ್ಪಿಗೆಗೆ ಬರಿಗೈಯಲ್ಲಿ ಹೋಗುವ ಪದ್ಧತಿ ನಮ್ಮಲ್ಲಿಲ್ಲ.

ಯಜಮಾನರು ಒಂದು ಕೋಡುಬಳೆ ಮುರಿದು ತಿಂದರು. ಇನ್ನೊಂದು ತಿಂದರು. ಆಮೇಲೆ, ಹೂವು ಬಿಟ್ಟರೆ ನೋಟ್‌ಬುಕ್ಕಿನ ವರ್ಣನೆ ಹಿಡಿದು ಹೆಸರು ಹಚ್ಚಬಹುದು, ಮೇ ತನಕ ಕಾಯಬೇಕು ಎಂದರು. ಒಂದು ಹೆಸರು ಕಡಿಮೆಯಿದೆಯಲ್ಲ ಎಂದೆ. ಅವರು ನೋಟ್‌ಬುಕ್ಕನ್ನೂ ಕೋಡುಬಳೆಯನ್ನೂ ನೋಡಿ, ಅದೂ ಅರಳಲಿ, ನೋಡೋಣ, ಎಂದರು.

ಅತ್ತೆಯ ವಾಪಸು ಟಿಕೆಟ್ ಮಾರ್ಚಿಗಿತ್ತು. ಅವರು ಹೊರಡಲು ಒಪ್ಪಲಿಲ್ಲ. ವೀಸಾ ಎಕ್ಸ್‌ಟೆನ್ಷನ್ ಫಾರಂ ತುಂಬುವಾಗ ಮಗ ಕಾರಣದ ಜಾಗದಲ್ಲಿ ಮಕ್ಕಳೊಂದಿಗೆ ವಸಂತಕಾಲ ನೋಡಲು ಎಂದು ಬರೆದರು. "ಸುಳ್ಳು ಯಾಕೋ ಬರೀತೀಯ? ಹೆಸರು ಅಳಿಸಿದ್ದೀನಿ, ಹುಡುಕಿಕೊಟ್ಟು ಹೋಗ್ತೀನಿ ಅಂತ ಬರಿ," ಎಂದರು ಅತ್ತೆ. ಹಾಗೆ ಬರೆಯಲಿಲ್ಲ. ಆದರೂ ಎಕ್ಸ್‌ಟೆನ್ಷನ್ ಸಿಕ್ಕಿತು.

ಚಳಿಗಾಲದಲ್ಲಿ ಎರಡು ಗಂಡಾಂತರ. ಮೊದಲನೆಯದು, ನವೆಂಬರಿನಲ್ಲಿ ಎಲೆಗಳು ಹಳದಿಯಾಗಿ ಉದುರತೊಡಗಿದವು. ನಿತ್ಯಹಸುರು ಎಂದು ನಾನೇ ಟೈಪ್ ಮಾಡಿದ್ದೆ. ಓಡಿಹೋಗಿ ಯಜಮಾನರಿಗೆ ಗಿಡ ಸಾಯುತ್ತಿದೆ ಎಂದೆ. ಇವಕ್ಕೆ ಎರಡು ಬಗೆ ಎಲೆ, ವಸಂತದ್ದು ಉದುರುತ್ತದೆ, ಬೇಸಿಗೆಯ ಸಣ್ಣ ದಪ್ಪ ಎಲೆ ಮೊಗ್ಗಿನ ಸುತ್ತ ಉಳಿಯುತ್ತದೆ ಎಂದರು. ಹೌದು ಅಲ್ಲ ಎಂಬ ನನ್ನ ಮನೆಯೂ ಕುಸಿಯಿತು. ಎರಡನೆಯದು ಜಿಂಕೆ. ಅಜೇಲಿಯಾದ ಹೂಮೊಗ್ಗು ಬೇಸಿಗೆಯಲ್ಲೇ ಕಟ್ಟಿಕೊಂಡು ಚಳಿಗಾಲವಿಡೀ ಕೊಂಬೆಯ ತುದಿಯಲ್ಲಿ ಕಾದಿರುತ್ತದೆ. ಜಿಂಕೆ ಅದನ್ನು ತಿಂದರೆ ಆ ವರ್ಷ ಹೂವಿಲ್ಲ. ಹೂವಿಲ್ಲದಿದ್ದರೆ ಹೆಸರಿಲ್ಲ, ಹೆಸರಿಲ್ಲದಿದ್ದರೆ ಲಾರಿಯಿಲ್ಲ. ಒಂದು ಬೆಳಿಗ್ಗೆ ಸಾಲಿನ ಕೊನೆಯ ಗಿಡದ ಅರ್ಧ ಮೊಗ್ಗು ಹೋಗಿತ್ತು.

ಅತ್ತೆ ವುಡ್‌ಬ್ರಿಡ್ಜಿನ ಇಂಡಿಯನ್ ಅಂಗಡಿಗೆ ಕರೆದುಕೊಂಡು ಹೋಗೆಂದು ಹಟ ಹಿಡಿದು, ಅಲ್ಲಿದ್ದ ಗಟ್ಟಿ ಇಂಗನ್ನೆಲ್ಲ ಕೊಂಡರು. ಕುಟ್ಟಿ, ಬೆಳ್ಳುಳ್ಳಿ ಸೇರಿಸಿ, ನನ್ನ ಹಳೇ ದುಪಟ್ಟಾ ಹರಿದು ಗಂಟು ಕಟ್ಟಿ, ಕೋಲಿನ ಮೇಲೆ ನಲವತ್ತೊಂದು ಗಂಟು ನಿಲ್ಲಿಸಿದರು. ಗಾಳಿ ಬೀಸಿದಾಗ ಇಡೀ ತೋಟ ಮದುವೆಮನೆಯ ಹಿತ್ತಲಿನಂತೆ ನಾರುತ್ತಿತ್ತು. ಜಿಂಕೆ ಮತ್ತೆ ಬರಲಿಲ್ಲ. ಇಂಗಿಗೆ ಹೆದರಿತೋ, ಬೇರೆ ಕಡೆ ಊಟ ಚೆನ್ನಾಗಿತ್ತೋ ಹೇಳಲಾರೆ. ಯಜಮಾನರಿಗಂತೂ ಆ ವಾಸನೆಗೆ ಹಸಿವಾಗುತ್ತಿತ್ತಂತೆ. ಅತ್ತೆ ವಾರಕ್ಕೆರಡು ಸಲ ಚಿತ್ರಾನ್ನವೋ ಬಿಸಿಬೇಳೆಬಾತೋ ಕಟ್ಟಿಕೊಂಡು ನನ್ನ ಜೊತೆ ಬರತೊಡಗಿದರು.

ಮೇ ತಿಂಗಳಲ್ಲಿ ಕುರುಮೆಗಳು ಅರಳಿದವು. ಬಣ್ಣಗಳ ದೊಂಬಿ. ಅತ್ತೆ ಮೊದಲು ಮಾಡಿದ ಕೆಲಸ ಮೂಸಿ ನೋಡಿದ್ದು. "ವಾಸನೆಯೇ ಇಲ್ಲವಲ್ಲೇ. ವಾಸನೆ ಇಲ್ಲದ ಹೂವಿಗೆ ಇಷ್ಟೊಂದು ಹೆಸರಿನ ಗಲಾಟೆಯೇ?" ಗಿಡವೆಲ್ಲ ವಿಷ, ಬಾಯಿಗೆ ಹಾಕಬೇಡಿ ಎಂದು ಯಜಮಾನರು ಎಚ್ಚರಿಸಿದ್ದನ್ನು ಹೇಳಿದೆ. "ದೇವರಿಗೆ ಇಡಬಹುದಾ ಕೇಳು," ಎಂದರು. ಇಡಬಹುದು ಎಂದು ನಾನೇ ಹೇಳಿದೆ.

ನಾನು ಅಳತೆಯಲ್ಲಿ ಗಟ್ಟಿ. ಸ್ಕೇಲು ಹಿಡಿದು ಹೂವಿನ ಅಗಲ ಅಳೆದೆ, ಕೇಸರ ಎಣಿಸಿದೆ, ಒಂದು ಹೂವಿನೊಳಗೆ ಇನ್ನೊಂದು ಹೂವು ಸಿಕ್ಕಿಸಿದ ಹಾಗಿರುವ ಕುರುಮೆಗಳನ್ನು ಬೇರೆ ಮಾಡಿದೆ. ಸೋತದ್ದು ಬಣ್ಣದಲ್ಲಿ. ನೋಟ್‌ಬುಕ್ಕಿನಲ್ಲಿ ಸಾಮನ್, ಕೋರಲ್, ಓಲ್ಡ್ ರೋಸ್ ಎಂದೆಲ್ಲ ಇತ್ತು. ನನಗೆ ಎಲ್ಲವೂ ಪಿಂಕ್. ಮೊದಲ ವಾರ ಹಚ್ಚಿದ ಒಂಬತ್ತು ಹೆಸರಲ್ಲಿ ಆರು ತಪ್ಪೆಂದು ಯಜಮಾನರು ಹೊಡೆದುಹಾಕಿದರು. ಯಾವುದು ಸರಿಯೆಂದು ಅವರಿಗೂ ಗೊತ್ತಿಲ್ಲ, ಹೆಸರಿಡುವುದು ಹೆಂಡತಿಯ ಖಾತೆಯಾಗಿತ್ತು. ಇದಂತೂ ಅದಲ್ಲ ಎನ್ನುವಷ್ಟು ಮಾತ್ರ ಗೊತ್ತು.

ದಾರಿ ತೋರಿಸಿದ್ದು ಅತ್ತೆಯ ಗೊಣಗಾಟ. ಸಾಲಿನಲ್ಲಿ ನಡೆಯುತ್ತ ಒಂದೊಂದು ಗಿಡಕ್ಕೂ ಏನೋ ಹೇಳುತ್ತಿದ್ದರು. "ಇದು ಕನಕಾಂಬರ. ಇದು ಈರುಳ್ಳಿಸಿಪ್ಪೆ ಬಣ್ಣ, ನನ್ನ ನಾದಿನಿ ಧಾರೆಸೀರೆ ಹೀಗೇ ಇತ್ತು. ಇದು ರಾಣಿ ಬಣ್ಣ. ಇದು ಬೀಟ್‌ರೂಟ್ ಬೇಯಿಸಿದ ನೀರು, ಎರಡನೇ ಸಲದ್ದು." ಆಗ ತಲೆಗೆ ಹೊಳೆಯಿತು. ಹೆಸರು ಉಳಿದಿದ್ದ ಎಪ್ಪತ್ತೊಂಬತ್ತು ಗಿಡಗಳಲ್ಲಿ ಆಗ ಅರಳಿದ್ದವುಗಳ ಮುಂದೆ ಅತ್ತೆಯನ್ನು ನಿಲ್ಲಿಸಿ, ಅವರು ಹೇಳಿದ ಬಣ್ಣವನ್ನು ಒಂದು ಕಡೆ, ಅದೇ ಗಿಡಕ್ಕೆ ಯಜಮಾನರ ಹೆಂಡತಿ ಬರೆದ ಬಣ್ಣವನ್ನು ಇನ್ನೊಂದು ಕಡೆ ಬರೆದೆ. ಎರಡು ದಿನದಲ್ಲಿ ನಿಘಂಟು ಸಿದ್ಧವಾಯಿತು. ಕನಕಾಂಬರ ಎಂದಲ್ಲೆಲ್ಲ ಸಾಮನ್, ಈರುಳ್ಳಿಸಿಪ್ಪೆ ಎಂದಲ್ಲೆಲ್ಲ ಓಲ್ಡ್ ರೋಸ್. ಒಬ್ಬರನ್ನೊಬ್ಬರು ಎಂದೂ ನೋಡದ ಇಬ್ಬರು ಹೆಂಗಸರ ಕಣ್ಣು ಒಂದೇ ಆಗಿತ್ತು. ನನ್ನ ಡೇಟಾಬೇಸಿನಲ್ಲಿ ಅತ್ತೆಯ ಬಣ್ಣಕ್ಕೆಂದೇ ಒಂದು ಮನೆ ಕಟ್ಟಿದೆ.

ಮೇ ಮುಗಿಯುವಷ್ಟರಲ್ಲಿ ಕುರುಮೆಗಳೆಲ್ಲ ಹೆಸರು ಪಡೆದವು. ಜೂನಿನಲ್ಲಿ ಸಾತ್ಸುಕಿಗಳ ಸರದಿ. ಅಲ್ಲಿ ಒಂದು ಹೂವು ನೋಡಿ ಹೇಳುವಂತಿಲ್ಲ, ಇಡೀ ಗಿಡದಲ್ಲಿ ಯಾವ ಬಗೆ ಎಷ್ಟಿವೆ ನೋಡಬೇಕು. "ಒಂದೇ ಮನೆ ಮಕ್ಕಳು, ಒಬ್ಬೊಬ್ಬರದು ಒಂದೊಂದು ಬಣ್ಣ. ಅಮ್ಮ ಯಾರು ಅಂತ ಗೊತ್ತಾದ್ರೆ ಸಾಕು," ಎಂದು ಅತ್ತೆ ಅದನ್ನೂ ಸುಲಭ ಮಾಡಿದರು. ಲಾರಿಗೆ ಒಂದು ದಿನ ಉಳಿದಾಗ ನಲವತ್ತು ಗಿಡಕ್ಕೆ ಹೆಸರಿತ್ತು. ಇಲ್ಲದ್ದು ಒಂದಕ್ಕೆ. ಸಾಲಿನ ಕೊನೆಯ ಪುಟ್ಟ ಸಾತ್ಸುಕಿ, ಜಿಂಕೆ ಬಾಯಿ ಹಾಕಿದ್ದು ಅದಕ್ಕೇ. ಉಳಿದ ಅರ್ಧ ಮೊಗ್ಗು ಅರಳಿ ಒಂದೇ ಬಣ್ಣ, ಅತ್ತೆಯ ಪ್ರಕಾರ ಸುಣ್ಣ ಹೆಚ್ಚಾದ ತಾಂಬೂಲದ ಕೆಂಪು. ನೋಟ್‌ಬುಕ್ಕಿನಲ್ಲಿ ಅಂಥದ್ದು ಇರಲಿಲ್ಲ. ಉದ್ಯಾನದಿಂದ ದಾಖಲೆ ಪರೀಕ್ಷಿಸಲು ಬಂದ ಹೆಂಗಸು ಪಟ್ಟಿ ನೋಡುತ್ತ ನೋಡುತ್ತ ಆ ಸಾಲಿಗೆ ಬಂದು ತಲೆಯೆತ್ತಿದರು. ಅತ್ತೆ ಆ ಗಿಡದ ಮುಂದೆ ಅಡ್ಡ ನಿಂತರು.

ಆಗ ಯಜಮಾನರು ಕೆಮ್ಮಿ, ಕೋಟಿನ ಒಳಜೇಬಿನಿಂದ ಮಡಚಿದ ಒಂದು ಹಾಳೆ ತೆಗೆದರು. ನೋಟ್‌ಬುಕ್ಕಿನ ಕೊನೆಯ ಹಾಳೆ; ಹೆಂಡತಿ ಕೊನೆಯದಾಗಿ ಬರೆದದ್ದೆಂದು, ನನಗೆ ಕೊಡುವ ಮೊದಲೇ ಕಿತ್ತಿಟ್ಟುಕೊಂಡಿದ್ದರಂತೆ. ಪಕ್ಕದ ಬಿಳಿ ಸಾತ್ಸುಕಿಯಲ್ಲಿ ಒಂದು ಕೊಂಬೆ ಪೂರ್ತಿ ಕೆಂಪು ಹೂ ಬಿಟ್ಟಿತು, ಅದರ ಕಡ್ಡಿ ನೆಟ್ಟಿದ್ದೇನೆ, ಐದು ವರ್ಷ ಇದೇ ಬಣ್ಣ ನಿಂತರೆ ಹೆಸರಿಡಬೇಕು, ಅಲ್ಲಿಯವರೆಗೆ ತಗಡು ಖಾಲಿ ಇರಲಿ ಎಂದು ಅವರ ಹೆಂಡತಿ ಬರೆದಿದ್ದರು. ಐದು ವರ್ಷ ತುಂಬುವ ಮುಂಚೆ ಅವರೇ ಹೋದರು. ಉದ್ಯಾನದ ಹೆಂಗಸು ಓದಿ, ತಾಯಿಗಿಡ ಗೊತ್ತು, ಮೂಲ ಗೊತ್ತು, ಇಷ್ಟು ಸಾಕು, ಹೆಸರು ಆಮೇಲೆ ಬರಲಿ ಎಂದು ಟಿಕ್ ಹಾಕಿದರು.

ನನಗೆ ಸಿಟ್ಟು ನೆತ್ತಿಗೇರಿತು. ಎಂಟು ತಿಂಗಳು ಯಾಕೆ ಬಾಯಿಬಿಡಲಿಲ್ಲ ಎಂದು ಕೇಳಿಯೇಬಿಟ್ಟೆ. ಅವರು ಬೂಟಿನ ತುದಿ ನೋಡುತ್ತ ಹೇಳಿದರು: ಮೊದಲ ದಿನ ಹೇಳೋಣವೆಂದೇ ಇದ್ದೆ. ಆ ಕೋಡುಬಳೆ ತಿಂದೆ. ಒಂದು ಗಿಡ ಬಾಕಿ ಉಳಿದರೆ ನೀವಿಬ್ಬರೂ ಕೊನೆತನಕ ಬರುತ್ತೀರಿ ಅನ್ನಿಸಿತು. ಈ ತೋಟಕ್ಕೆ ಬಹಳ ದಿನದಿಂದ ಯಾರೂ ಬಂದಿರಲಿಲ್ಲ.

ಈ ಸಲ ನಾನು ಒಂದಕ್ಷರ ಮೆತ್ತಗೆ ಮಾಡದೆ ಕನ್ನಡಕ್ಕೆ ತಂದೆ. ಅತ್ತೆ ಪೂರ್ತಿ ಕೇಳಿಸಿಕೊಂಡು ನನ್ನ ಕಡೆ ತಿರುಗಿದರು.

"ಒಂದು ತಗಡಲ್ಲಿ ಮೊದಲೇ ಏನೂ ಇರಲಿಲ್ಲ ಅಂತ ನಾನು ಹಬ್ಬದ ದಿನವೇ ಹೇಳೋಕೆ ಬಂದೆ. ನೀನು ಸುಮ್ಮನಿರಿ ಅಂದೆ. ಓದಿದವಳು, ನಿನಗೆ ಗೊತ್ತಿರತ್ತೆ ಅಂತ ಸುಮ್ಮನಾದೆ."

ತೋಟದವರಿಗೆ ಗೊತ್ತಿತ್ತು, ಅತ್ತೆಗೆ ಗೊತ್ತಿತ್ತು. ಗೊತ್ತಿಲ್ಲದೆ ಇದ್ದದ್ದು ಕಂಪ್ಯೂಟರಿನವಳಿಗೆ. ತಪ್ಪಾಯ್ತು ಅತ್ತೆ ಎಂದೆ. ಅವರು ಅದಕ್ಕೆ ಕಿವಿಗೊಡಲಿಲ್ಲ, ಖಾಲಿ ತಗಡನ್ನು ಆ ಪುಟ್ಟ ಗಿಡಕ್ಕೆ ಕಟ್ಟುತ್ತಿದ್ದರು. ಅಭ್ಯಾಸಬಲದಿಂದ ಅದನ್ನೊರೆಸಲು ಸೆರಗು ಎತ್ತಿದವರು, ಯಜಮಾನರ ಮುಖ ನೋಡಿ ಕೈ ಹಿಂದಕ್ಕೆ ಎಳೆದುಕೊಂಡರು. ನಾನು ಅಲ್ಲೇ ಕೂತು ಲ್ಯಾಪ್‌ಟಾಪು ತೆರೆದು, ಹೆಸರು ಕಡ್ಡಾಯ ಎಂಬ ನಿಯಮವನ್ನು ತೆಗೆದುಹಾಕಿ ಆ ಗಿಡವನ್ನು ಸೇವ್ ಮಾಡಿದೆ.

ಏನಂತಿದ್ದಾರೆ ನಿಮ್ಮತ್ತೆ, ಬಹಳ ಕೋಪವೇ ಎಂದು ಯಜಮಾನರು ಅಳುಕುತ್ತ ಕೇಳಿದರು. ನಾನು ಅತ್ತೆಯ ಮುಖ ನೋಡಿದೆ.

"ಕೇಳು ಅವರನ್ನ," ಎಂದರು ಅತ್ತೆ, "ನಾಳೆ ಲಾರಿ ಜೊತೆ ಎಷ್ಟು ಜನ ಬರ್ತಾರೆ ಅಂತ. ಅಷ್ಟು ಜನಕ್ಕೂ ಕೋಡುಬಳೆ ಕರೀಬೇಕಲ್ಲ."